ಹಾಯಿಲಿನ ಬೇಲಿ ಮೇಲೆ ಚಂದ್ರಮತಿಯ ಬಳ್ಳಿ

ಚಂದ್ರಮತಿ ಅರಬ್ಬರ ನಾಡಿನ ಹಾಯಿಲಿಗೆ ಬಂದದ್ದು ತೊಂಬತ್ತೊಂದರ ಕೊನೆಗೆ, ಕುವೈಟಿನ ಗಲಾಟೆಯೆಲ್ಲ ಮುಗಿದ ಮೇಲೆ. ಗಂಡ ಗುರುದತ್ ನಾಯ್ಕ ಅಲ್ಲಿಯ ಒಂದು ಆಸ್ಪತ್ರೆಯಲ್ಲಿ ಎ.ಸಿ. ಮೆಕ್ಯಾನಿಕ್. ಏಳು ವರ್ಷ ಒಬ್ಬನೇ ಬೇಯಿಸಿಕೊಂಡು ತಿಂದು ಸಾಕಾಗಿ, ಯಾರ್ಯಾರದೋ ಕಾಲು ಹಿಡಿದು ಹೆಂಡತಿಗೂ ಇಕಾಮಾ, ಅಂದರೆ ಅಲ್ಲಿ ಇರುವ ಪರವಾನಗಿ, ಮಾಡಿಸಿದ್ದ. ಹೆಣ್ಣುಮಕ್ಕಳಿಬ್ಬರು ಭಟ್ಕಳದಲ್ಲಿ ಅಜ್ಜಿಯ ಹತ್ತಿರ ಇದ್ದು ಓದುತ್ತಿದ್ದರು.

ಆಸ್ಪತ್ರೆಯ ಹಿಂದೆಯೇ ಕೆಲಸದವರ ಮನೆಗಳು. ಬೆಂಕಿಪೊಟ್ಟಣ ಜೋಡಿಸಿಟ್ಟ ಹಾಗೆ ಹನ್ನೆರಡು ಮನೆ, ಎದುರಿಗೆ ಹತ್ತು ಮಾರು ಅಗಲದ ಖಾಲಿ ಮಣ್ಣು, ಅದರಾಚೆ ತಂತಿಬಲೆಯ ಬೇಲಿ. ಬೇಲಿಗೆ ತಾಗಿಯೇ ರಸ್ತೆ. ರಸ್ತೆಯಲ್ಲಿ ಗಂಡಸರು ಹೋಗುತ್ತ ಬರುತ್ತ ಇರುತ್ತಾರೆ. ತಂತಿಬಲೆ ಎಂದಮೇಲೆ ಈಚೆಯದ್ದೆಲ್ಲ ಆಚೆಗೆ ಕಾಣುತ್ತದೆ. ಆ ಊರಿನಲ್ಲಿ ಹೆಂಗಸರು ಹಾಗೆಲ್ಲ ಕಾಣುವ ಹಾಗೆ ಕೂರುವಂತಿಲ್ಲ. ಬಟ್ಟೆ ಒಣಗಿಸಲು ಹೊರಗೆ ಬಂದರೂ ಮೈಯೆಲ್ಲ ಮುಚ್ಚುವ ಕರಿ ಅಬಾಯ ಏರಿಸಿಕೊಂಡು ಬರಬೇಕು. ಹನ್ನೆರಡು ಮನೆಯ ಹೆಂಗಸರು ಹನ್ನೆರಡು ಎ.ಸಿ. ಡಬ್ಬಿಗಳ ಸದ್ದು ಕೇಳುತ್ತ ಒಳಗೇ ಇರುವುದು. ಬಿಸಿಲು ಬೇಕಾದರೆ ಕಿಟಕಿಯ ಗಾಜಿನಿಂದ ನೋಡಬೇಕು.

ಮನೆ ತುಂಬ ಜನ, ಅಂಗಳ ತುಂಬ ಗಿಡ ಇದ್ದಲ್ಲಿಂದ ಬಂದವಳು ಚಂದ್ರಮತಿ. ತಾಯಿಯ ಮನೆಯಲ್ಲಿ ನೂರಹತ್ತು ಬುಡ ಮಲ್ಲಿಗೆ. ಮುಂಜಾನೆ ಮೊಗ್ಗು ಕೊಯ್ದು, ಬಾಳೆನಾರಿನಲ್ಲಿ ಕಟ್ಟಿ, ಹತ್ತು ಗಂಟೆಯೊಳಗೆ ಪೇಟೆಗೆ ಕೊಡಬೇಕು. ಊರಿನ ನವಾಯತ ಮುಸಲ್ಮಾನರ ಮದುವೆ ಬಂದರೆ ಮನೆಮಂದಿಗೆಲ್ಲ ಊಟಕ್ಕೂ ಪುರುಸೊತ್ತಿಲ್ಲ. ಮೂರನೇ ಇಯತ್ತೆಗೇ ಶಾಲೆ ಬಿಟ್ಟಳು ನಿಜ, ಆದರೆ ಯಾವ ಗಿಡಕ್ಕೆ ಯಾವಾಗ ಏನು ಹಾಕಬೇಕು ಎಂದು ಅವಳಿಗೆ ಯಾರೂ ಹೇಳಿಕೊಡುವ ಅಗತ್ಯ ಇರಲಿಲ್ಲ. ಹಾಗೆಂದು ಅವಳೇ ತಿಳಿದುಕೊಂಡಿದ್ದಳು.

ಮೊದಲ ತಿಂಗಳೇ ಗಂಡನ ಹತ್ತಿರ ಹೇಳಿ ಬೇಲಿಗೆ ನೀಲಿ ತಾಡಪಾಲು ಕಟ್ಟಿಸಿದಳು. ಹಾಯಿಲಿನ ಗಾಳಿ ಎಂದರೆ ಸಾಮಾನ್ಯದ್ದಲ್ಲ. ನಾಲ್ಕೇ ದಿನಕ್ಕೆ ತಾಡಪಾಲು ಚಿಂದಿಯಾಗಿ ರಸ್ತೆ ಪಾಲಾಯಿತು.

"ಎಂತ ಮಾಡುದು ಮಾರಾಯ್ರೆ, ನಾನು ಕೋಳಿಯಾ ಗೂಡೊಳಗೆ ಇರ್ಲಿಕ್ಕೆ?" ಎಂದಳು ಗಂಡನಿಗೆ.

"ಎರಡು ವರ್ಷ ತಡ್ಕೊ. ರಜೆಗೆ ಹೋಗುವಾ."

"ಎರಡು ವರ್ಷ ಕೋಳಿಯೂ ಬದುಕುದಿಲ್ಲ."

ಪಕ್ಕದ ಮನೆಯಲ್ಲಿ ಬತೂಲ್ ಇದ್ದಳು. ಡಮಾಸ್ಕಸ್ ಕಡೆಯವಳು, ಅವಳ ಗಂಡ ಆಸ್ಪತ್ರೆಯ ಔಷಧ ವಿಭಾಗದಲ್ಲಿ. ಬೆಳ್ಳಗೆ, ಎತ್ತರಕ್ಕೆ, ನಗುವಾಗ ಇಡೀ ಮೈ ನಗುವ ಹೆಂಗಸು. ಅವಳಿಗೆ ಕನ್ನಡ ಬರುವುದಿಲ್ಲ, ಇವಳಿಗೆ ಅರಬ್ಬಿ ಬರುವುದಿಲ್ಲ. ಕೈಯಲ್ಲೂ ಕಣ್ಣಲ್ಲೂ ಮಾತಾಡಿ, ಆರು ತಿಂಗಳಲ್ಲಿ ಇಬ್ಬರದ್ದೂ ಒಂದು ಭಾಷೆ ಆಯಿತು. ಬತೂಲ್ ಹಿಂದಿನ ಬಾಗಿಲಲ್ಲಿ ಒಂದು ನೀರಿನ ಡ್ರಮ್ಮಿಗೆ ಮಣ್ಣು ತುಂಬಿಸಿ ಒಂದು ಬಳ್ಳಿ ಇಟ್ಟಿದ್ದಳು. ವಿಸ್ಟೀರಿಯಾ ಎಂದು ಅದರ ಹೆಸರು. ತನ್ನ ತಾಯಿಯ ಮನೆಯ ಬಾಗಿಲ ಮೇಲೆ ಇದೇ ಬಳ್ಳಿ ಇದೆ, ವಸಂತದಲ್ಲಿ ದ್ರಾಕ್ಷಿ ಗೊಂಚಲಿನ ಹಾಗೆ ನೇರಳೆ ಹೂ ಇಳಿಬೀಳುತ್ತದೆ ಎಂದು ಕೈಯಲ್ಲಿ ತೋರಿಸಿದಳು. ಮಣ್ಣಿಗೆ ಬಗ್ಗಿಸಿ ಬೇರು ಬರಿಸಿದ್ದ ಒಂದು ಕವಲನ್ನು ಕತ್ತರಿಸಿ ಹಾಲಿನ ಪುಡಿಯ ಡಬ್ಬಿಯಲ್ಲಿ ಹಾಕಿ ಕೊಟ್ಟಳು.

"ಬೇಲಿ, ಬೇಲಿ. ಯಾ ಶಂದ್ರಾ, ಬೇಲಿಗೆ ಹಾಕು." ಅರಬ್ಬಿಯವರ ನಾಲಗೆಗೆ ಚ ಹೊರಳುವುದಿಲ್ಲ, ಚಂದ್ರಮತಿ ಅವಳಿಗೆ ಶಂದ್ರಾ.

ಮಾರನೇ ದಿನ ಚಂದ್ರಮತಿ ಬೇಲಿಯ ನಡುವಿಗೆ ಮೊಣಕಾಲುದ್ದ ಗುಂಡಿ ತೋಡಿದಳು. ಕಲ್ಲಿನ ಹಾಗಿದ್ದ ನೆಲಕ್ಕೆ ಗುರುದತ್ತನ ಕಬ್ಬಿಣದ ಸಲಾಕೆ ಬೇಕಾಯಿತು. ಗಿಡ ನೆಟ್ಟು, ಭಟ್ಕಳದ ಮಲ್ಲಿಗೆಯನ್ನು ಹೇಗೆ ಸಾಕುತ್ತಾರೋ ಹಾಗೆಯೇ ಸಾಕತೊಡಗಿದಳು. ಕುರಿ ಸಂತೆಯಿಂದ ಚೀಲಗಟ್ಟಲೆ ಹಿಕ್ಕೆ ತರಿಸಿದಳು. ಅಕ್ಕಿ ತೊಳೆದ ನೀರು, ಮೀನು ತೊಳೆದ ನೀರು, ಮಜ್ಜಿಗೆ ಪಾತ್ರೆಯ ತೊಳೆ, ಎಲ್ಲವೂ ಅದರ ಬುಡಕ್ಕೆ. ಹಾಯಿಲಿನ ಪೇಟೆಯಲ್ಲಿ ಅಂಗಡಿ ಇದ್ದ ಭಟ್ಕಳದವರ ಮನೆಯ ಸಲೀಮಾ ಬಂದಾಗಲೆಲ್ಲ ಮೂಗು ಮುಚ್ಚಿಕೊಳ್ಳುತ್ತಿದ್ದಳು.

"ಚಂದ್ರಕ್ಕ, ಇದೆಂತ ಬಂಗುಡೆ ಮೀನಿನ ವಾಸನೆ ಬೀದಿವರೆಗೆ? ಬಳ್ಳಿ ಬೆಳಿಸುದಾ, ಮೀನು ಒಣಗಿಸುದಾ?"

"ನಿಂಗೆ ಗೊತ್ತಿಲ್ಲ ಮಾರಾಯ್ತಿ. ಹೊಟ್ಟೆ ತುಂಬ ಹಾಕಿದ್ರೇ ಗಿಡ ಹೂ ಕೊಡುದು. ನಿಮ್ಮ ಮನೆ ಮದುಮಗಳ ತಲೆ ತುಂಬ್ಸಿದ್ದು ಇದೇ ಕೈ."

ಬಳ್ಳಿ ಬೆಳೆಯಿತು. ಬೆಳೆಯಿತು ಅಂದರೆ ಭೂತ ಹೊಕ್ಕ ಹಾಗೆ. ಬೇಸಿಗೆಯಲ್ಲಿ ದಿನಕ್ಕೊಂದು ಗೇಣು ಚಾಚುತ್ತಿತ್ತು. ತಂತಿಯ ಕಣ್ಣು ಕಣ್ಣಿಗೂ ಸುತ್ತಿಕೊಂಡು ಮೇಲೆ ಹತ್ತಿತು. ಆದರೆ ಆ ವರ್ಷದ ಕೊನೆಗೆ, ಹಾಯಿಲಿನ ಚಳಿ ಬಂದಾಗ, ಒಂದು ವಾರದಲ್ಲಿ ಎಲೆಯೆಲ್ಲ ಹಳದಿಯಾಗಿ ಉದುರಿ ಬರೀ ಹಗ್ಗ ಉಳಿಯಿತು. ಎಲೆ ಪೂರ್ತಿ ಉದುರಿಸುವ ಹೂಬಳ್ಳಿಯನ್ನು ಚಂದ್ರಮತಿ ಹುಟ್ಟಿದ ಮೇಲೆ ಕಂಡವಳಲ್ಲ. ಸತ್ತೇಹೋಯಿತು ಎಂದು ಅಡುಗೆಮನೆಯಲ್ಲಿ ಕೂತು ಅತ್ತಳು. ಬತೂಲ್ ಬಂದು ಅವಳ ಕೈ ಹಿಡಿದು ಬೇಲಿಯ ಹತ್ತಿರ ಎಳೆದುಕೊಂಡು ಹೋಗಿ, ಉಗುರಿನಲ್ಲಿ ತೊಗಟೆ ಕೆರೆದು ಒಳಗಿನ ಹಸಿರು ತೋರಿಸಿದಳು. ಎರಡೂ ಕೈಯನ್ನು ಕೆನ್ನೆಯ ಕೆಳಗಿಟ್ಟು ಕಣ್ಣು ಮುಚ್ಚಿದಳು. ನಿದ್ದೆ.

"ನಿದ್ದೆ ಮಾಡುದಾದ್ರೆ ಏಳ್ಸುವಾ" ಎಂದಳು ಚಂದ್ರಮತಿ. ಮಲ್ಲಿಗೆಯನ್ನು ಏಳಿಸುವುದು ಹೇಗೆಂದು ಅವಳಿಗೆ ಗೊತ್ತಿತ್ತು. ಚಿಗುರಿದಲ್ಲೇ ಮಲ್ಲಿಗೆ ಮೊಗ್ಗಾಗುವುದು, ಆದ್ದರಿಂದ ಕತ್ತರಿಸಿದಷ್ಟೂ ಹೂವು. ಕತ್ತಿ ತಂದು ಬಳ್ಳಿಯ ತುದಿಗಳನ್ನೆಲ್ಲ ಕಚಕಚ ಸವರಿದಳು. ಬತೂಲ್ "ಲಾ, ಲಾ" ಎಂದು ಬೇಡ ಬೇಡವೆಂದು ಕೈ ಬೀಸಿದಳು. ಚಂದ್ರಮತಿ ಕೇಳಲಿಲ್ಲ. ಡ್ರಮ್ಮಿನಲ್ಲಿ ಒಂದು ಬಳ್ಳಿ ಇಟ್ಟುಕೊಂಡವಳು ನೂರಹತ್ತು ಬುಡ ನೋಡಿಕೊಂಡವಳಿಗೆ ಹೇಳಿಕೊಡುವುದೇ? ಹೀಗೆ ಪ್ರತಿ ಚಳಿಗೂ ಸವರಿದಳು, ಪ್ರತಿ ತಿಂಗಳೂ ಹಿಕ್ಕೆ ಹಾಕಿದಳು. ಬತೂಲ್ ಗಂಡನಿಗೆ ಬೇರೆ ಕಡೆ ಮನೆ ಸಿಕ್ಕಿ ಊರಿನ ಇನ್ನೊಂದು ಮೂಲೆಗೆ ಹೋದ ಮೇಲೆ ಬೇಡ ಎನ್ನುವವರೂ ಇರಲಿಲ್ಲ.

ತೊಂಬತ್ತಮೂರು, ತೊಂಬತ್ತನಾಲ್ಕು, ತೊಂಬತ್ತೈದು. ಮೂರು ವಸಂತ ಹೋಯಿತು. ಒಂದು ಹೂವಿಲ್ಲ.

ಹೂವಿಲ್ಲದಿದ್ದರೇನು, ಬಳ್ಳಿ ನೆಟ್ಟದ್ದರ ಕೆಲಸ ಆಗಿತ್ತು. ಎಲೆ ಇದ್ದ ಎಂಟು ತಿಂಗಳೂ ಬೇಲಿ ಹಸಿರು ಗೋಡೆ, ಎಲೆ ಉದುರಿದ ಮೇಲೂ ಹೆಣೆದುಕೊಂಡ ಕೊಂಬೆಯೇ ಚಾಪೆಯ ಹಾಗೆ ಅಡ್ಡ ನಿಲ್ಲುತ್ತಿತ್ತು. ಈಚೆಯಿಂದ ಆಚೆಗೆ ಬೆರಳೂ ಕಾಣುತ್ತಿರಲಿಲ್ಲ. ಇಳಿಹೊತ್ತಿನ ಅಸರ್ ನಮಾಜು ಮುಗಿದ ಮೇಲೆ ಹೆಂಗಸರು ಒಬ್ಬೊಬ್ಬರಾಗಿ ಹೊರಗೆ ಬರತೊಡಗಿದರು. ಕೇರಳದ ನರ್ಸ್‌ಗಳಿಬ್ಬರು, ಲಾಹೋರಿನ ಡಾಕ್ಟರ ಹೆಂಡತಿ, ವಾರಕ್ಕೊಮ್ಮೆ ಸಲೀಮಾ ಮತ್ತು ಅವಳ ಮಗಳು ಫಿಝಾ. ಅಬಾಯ ತೆಗೆದು ಬದಿಗಿಟ್ಟು, ಕೂದಲು ಬಿಚ್ಚಿ ಒಣಗಿಸಿಕೊಂಡು, ಚಾಪೆ ಹಾಸಿ, ಫ್ಲಾಸ್ಕಿನ ಚಾ ಕುಡಿದುಕೊಂಡು ಕತ್ತಲಾಗುವವರೆಗೆ ಹರಟೆ. ಲಾಹೋರಿನವಳು ಒಮ್ಮೆ ಸುಮ್ಮನೆ ಮುಖವನ್ನು ಬಿಸಿಲಿಗೆ ಒಡ್ಡಿ ಕಣ್ಣುಮುಚ್ಚಿ ಅರ್ಧ ಗಂಟೆ ಕೂತಿದ್ದಳು. ಯಾರೂ ಅವಳನ್ನು ಮಾತಾಡಿಸಲಿಲ್ಲ. ಎಲ್ಲರಿಗೂ ಅರ್ಥವಾಗಿತ್ತು.

ಇಷ್ಟು ಒಳ್ಳೆಯದಾಗಿರುವಾಗ ಶ್ರೀರಂಗನ ಕಣ್ಣು ಬಿತ್ತು.

ಶ್ರೀರಂಗ ಮೈಸೂರಿನವನು, ಮನೆ, ನೀರು, ಕರೆಂಟು ಎಲ್ಲದರ ಮೇಲ್ವಿಚಾರಕ. ಹನ್ನೊಂದು ವರ್ಷದಿಂದ ಅಲ್ಲೇ ಇದ್ದಾನೆ. ಗುರುದತ್ತನಿಗೆ ಅವನೇ ಮೇಲಿನವನು. ಕನ್ನಡದವನು ಎಂದು ಮೊದಮೊದಲು ಗಂಡಹೆಂಡತಿ ಹಬ್ಬಕ್ಕೆ ಕಡುಬು ಕಳಿಸಿದ್ದೂ ಉಂಟು. ಡಬ್ಬಿ ತೊಳೆಯದೆ ವಾಪಸು ಕಳಿಸಿದ್ದ. ತೊಂಬತ್ತೈದರ ನವೆಂಬರಿನಲ್ಲಿ ಒಂದು ದಿನ ಕೈಯಲ್ಲಿ ಕಾಗದದ ಹಲಗೆ ಹಿಡಿದು ಬೇಲಿಯ ಉದ್ದಕ್ಕೂ ನಡೆದು ಬಂದ.

"ಏನ್ರೀ ಗುರುದತ್, ಯಾರ್ ಪರ್ಮಿಷನ್ ತಗೊಂಡು ಇದನ್ನ ಬೆಳೆಸಿದೀರಿ? ನೋಡಿ, ತಂತಿಯೆಲ್ಲ ಬಗ್ಗಿಹೋಗಿದೆ. ನೀರು ಬೇರೆ ದಂಡ."

"ಹೆಂಗಸರು ಕೂತ್ಕೊಳ್ತಾರೆ ಸಾರ್, ಅದಕ್ಕೆ..." ಎಂದ ಗುರುದತ್ತ.

"ಕೂತ್ಕೊಳೋಕೆ ಮನೇಲಿ ಸೋಫಾ ಕೊಟ್ಟಿಲ್ವಾ? ಒಂದು ಹೂವಾದ್ರೂ ಬಿಡುತ್ತಾ ಇದು? ಬೇಸಿಗೆ ಶುರುವಾಗೋದ್ರೊಳಗೆ ಬುಡಸಮೇತ ಕೀಳಿಸ್ತೀನಿ."

ಬಾಗಿಲ ಹಿಂದೆ ನಿಂತಿದ್ದ ಚಂದ್ರಮತಿಗೆ ತಲೆಯೊಳಗೆ ಬೆಂಕಿ ಹತ್ತಿದ ಹಾಗಾಯಿತು. ನಾಲ್ಕು ವರ್ಷ ಬಾಲ್ದಿ ಹೊತ್ತದ್ದು ಅವಳು. ಇವನು ಒಂದು ಚೊಂಬು ನೀರು ಹಾಕಿದವನಲ್ಲ, ಕೀಳಿಸುತ್ತಾನಂತೆ!

"ಸಾರ್, ನೀರು ನಾನು ಪಾತ್ರೆ ತೊಳ್ದದ್ದೇ ಹಾಕುದು" ಎಂದಳು, ಬಾಗಿಲ ಸಂದಿಯಿಂದಲೇ. "ನಿಮ್ಮ ಪೈಪಿಂದ ಒಂದು ಹನಿ ತಕೊಂಡಿಲ್ಲ."

ಅವನು ಬಾಗಿಲಿನ ಕಡೆ ತಿರುಗಲೂ ಇಲ್ಲ. ಗುರುದತ್ತನಿಗೇ ಹೇಳಿದ: "ಮನೆಯವರಿಗೆ ಸ್ವಲ್ಪ ಬುದ್ಧಿ ಹೇಳಿ. ಇಕಾಮಾ ರಿನ್ಯೂವಲ್ ಫಾರಂ ನನ್ನ ಟೇಬಲ್ ಮೇಲೇ ಬರೋದು."

ಅದೇ ಡಿಸೆಂಬರಿನಲ್ಲಿ ಊರಿನಿಂದ ಫೋನ್ ಬಂತು. ಚಂದ್ರಮತಿಯ ತಾಯಿ ಬಚ್ಚಲಿನಲ್ಲಿ ಬಿದ್ದು ಸೊಂಟ ಮುರಿದುಕೊಂಡಿದ್ದರು. ಮೂರು ದಿನದಲ್ಲಿ ಚಂದ್ರಮತಿ ವಿಮಾನ ಹತ್ತಿದಳು. ಆ ಸಲ ಬಳ್ಳಿಗೆ ಹಿಕ್ಕೆಯಿಲ್ಲ, ಮೀನಿನ ನೀರಿಲ್ಲ, ಕತ್ತಿಯಿಲ್ಲ. ಗುರುದತ್ತ ನೆನಪಾದರೆ ನೀರು ಹಾಕುತ್ತಿದ್ದ, ಇಲ್ಲದಿದ್ದರೆ ಇಲ್ಲ. ತಾಯಿಗೆ ಕೋಲು ಹಿಡಿದು ನಡೆಯಲು ಬಂದಮೇಲೆ, ಮಾರ್ಚಿನ ಎರಡನೇ ವಾರ, ಚಂದ್ರಮತಿ ಹಾಯಿಲಿಗೆ ಮರಳಿದಳು. ಬಂದವಳೇ ಚೀಲ ಇಳಿಸುವ ಮೊದಲು ಬೇಲಿಯ ಹತ್ತಿರ ಓಡಿದಳು. ಬಳ್ಳಿ ಇತ್ತು, ಕಿತ್ತಿರಲಿಲ್ಲ. ಆದರೆ ಗೆಣ್ಣು ಗೆಣ್ಣಿನಲ್ಲೂ ಬೆಕ್ಕಿನ ಉಗುರಿನ ಹಾಗೆ ದಪ್ಪ ದಪ್ಪ ಏನೋ ಉಬ್ಬಿಕೊಂಡಿದ್ದವು. ರೋಗವೇ ಇರಬೇಕು ಎಂದು ಹೆದರಿದಳು.

ನೋಡಲು ಬಂದ ಬತೂಲ್ ಅದನ್ನು ಕಂಡು ಎರಡೂ ಕೈ ಮೇಲೆತ್ತಿ ಕೂಗಿದಳು. ಹಳೆಯ ಕೊಂಬೆಯನ್ನು ಮುಟ್ಟಿ ತೋರಿಸಿದಳು, ಇಲ್ಲಿ ಹೂವು. ಹೊಸ ಚಿಗುರನ್ನು ತೋರಿಸಿ ತಲೆ ಅಲ್ಲಾಡಿಸಿದಳು, ಇಲ್ಲಿ ಇಲ್ಲ. ಕತ್ತಿ ಆಡಿಸುವ ಹಾಗೆ ಕೈ ಮಾಡಿ ಚಂದ್ರಮತಿಯ ತಲೆಗೆ ಮೆಲ್ಲಗೆ ಒಂದು ಮೊಟಕಿದಳು. ಸಲೀಮಾಳ ಮಗಳು ಫಿಝಾ ಉಳಿದದ್ದನ್ನು ಅರಬ್ಬಿಯಿಂದ ಕನ್ನಡಕ್ಕೆ ತಂದಳು. "ಮಾಮಿ, ನೀವು ವರ್ಷ ವರ್ಷ ಮೊಗ್ಗನ್ನೇ ಕಟ್ ಮಾಡಿ ಬಿಸಾಡಿದ್ದಂತೆ. ಗೊಬ್ಬರ ಹೆಚ್ಚಾದ್ರೆ ಬರೀ ಎಲೆಯಂತೆ. ಸ್ವಲ್ಪ ಹಸಿವಲ್ಲಿ ಇಡ್ಬೇಕಂತೆ."

ಚಂದ್ರಮತಿ ಬೇಲಿಯ ಬುಡದಲ್ಲೇ ಕೂತುಬಿಟ್ಟಳು. ಬಳ್ಳಿಯ ತಪ್ಪಲ್ಲ, ಮಣ್ಣಿನ ತಪ್ಪಲ್ಲ. ತಾನೇ ಮೂರು ವರ್ಷ ಪ್ರೀತಿಯಿಂದ ಅದರ ಹೂವಿನ ಕುತ್ತಿಗೆ ಕೊಯ್ದದ್ದು. "ಮಲ್ಲಿಗೆ ಅಂತ ಮಾಡಿದ್ದೆ ಮಾರಾಯ್ತಿ" ಎಂದು ಬತೂಲಳ ಕೈ ಹಿಡಿದಳು. "ಆವತ್ತು ನೀನು ಹೇಳಿದಾಗ ನಾನು ಕೇಳ್ಬೇಕಿತ್ತು."

ಏಪ್ರಿಲ್ ಮೊದಲ ವಾರ ಬೇಲಿ ಹೂಬಿಟ್ಟಿತು. ಎಲೆ ಇನ್ನೂ ಮೂಡಿರಲಿಲ್ಲ. ಮೊಳದುದ್ದದ ಗೊಂಚಲುಗಳು ಒಂದರ ಮೇಲೊಂದು, ಮೇಲಿನಿಂದ ನೆಲದವರೆಗೆ ನೇರಳೆ. ಪರಿಮಳ ಆಸ್ಪತ್ರೆಯ ಬಾಗಿಲವರೆಗೆ. ಚಂದ್ರಮತಿ ಒಂದು ಗೊಂಚಲು ಕಿತ್ತು ನಾರಿನಲ್ಲಿ ಕಟ್ಟಲು ನೋಡಿದಳು, ಎಸಳೆಲ್ಲ ಉದುರಿ ಮಡಿಲಿಗೆ ಬಿತ್ತು.

"ಮುಡೀಲಿಕ್ಕೆ ಬಾರದ ಹೂ ಎಂತಕ್ಕೆ ಚಂದ್ರಕ್ಕ?" ಎಂದಳು ಸಲೀಮಾ.

"ನೋಡ್ಲಿಕ್ಕೆ. ಕಣ್ಣಿಲ್ವಾ ನಿಂಗೆ?"

ನೋಡುವವರು ಬಂದರು. ರಸ್ತೆಯಲ್ಲಿ ಕಾರು ನಿಲ್ಲಿಸಿ ನೋಡಿದರು. ಮುದೀರ್, ಅಂದರೆ ಆಸ್ಪತ್ರೆಯ ದೊಡ್ಡ ಸಾಹೇಬರು, ಒಂದು ಮಧ್ಯಾಹ್ನ ತಾವೇ ರಸ್ತೆಯ ಬದಿಯಿಂದ ನಡೆದು ಬಂದು ನೋಡಿ, ಯಾರು ಮಾಡಿದ್ದು ಎಂದು ಕೇಳಿದರು. ಕೇಳಿದ್ದು ಶ್ರೀರಂಗನನ್ನು. ಬುಡಸಮೇತ ಕೀಳಿಸುತ್ತೇನೆ ಎಂದಿದ್ದ ಅದೇ ಬಾಯಿ ಏನು ಹೇಳಿತು ಗೊತ್ತೇ? "ನಾಲ್ಕು ವರ್ಷದ ಪ್ಲ್ಯಾನ್ ಸರ್, ನಾನೇ ಮಾಡಿಸಿದ್ದು" ಎಂದಿತು. ಪಕ್ಕದಲ್ಲೇ ಗುರುದತ್ತ ಎ.ಸಿ.ಯ ಸ್ಪಾನರ್ ಹಿಡಿದು ನಿಂತಿದ್ದ. ನಿಂತೇ ಇದ್ದ. ಹತ್ತು ದಿನದಲ್ಲಿ ಶ್ರೀರಂಗನಿಗೆ ಒಂದು ಪ್ರಶಸ್ತಿಪತ್ರ ಬಂತು, ಬಳ್ಳಿಯ ಮುಂದೆ ಟೈ ಕಟ್ಟಿ ನಿಂತ ಫೋಟೋ ನೋಟಿಸ್ ಬೋರ್ಡಿಗೆ ಹತ್ತಿತು.

"ನೀವು ಬಾಯಲ್ಲಿ ಎಂತ ಇಟ್ಕೊಂಡಿದ್ರಿ?" ಎಂದು ಚಂದ್ರಮತಿ ಗಂಡನನ್ನು ಕೇಳಿದಳು.

"ಇಕಾಮಾ ಅವನ ಕೈಲುಂಟಲ್ಲ ಮಾರಾಯ್ತಿ. ಹೆಸರು ತಕೊಂಡು ಉಪ್ಪು ಹಾಕಿ ನೆಕ್ಕುದಾ? ಬಳ್ಳಿ ಉಳೀತಲ್ಲ, ಸಾಕು."

ಅದೂ ಹೌದು ಎಂದುಕೊಂಡಳು. ಹೆಸರು ಹಾಳಾಗಿ ಹೋಗಲಿ, ಕೂರುವ ಜಾಗ ಉಳಿಯಿತಲ್ಲ.

ಆದರೆ ಹೊಗಳಿಸಿಕೊಂಡ ಮನುಷ್ಯ ಅಲ್ಲಿಗೇ ಬಿಡುತ್ತಾನೆಯೇ? ಮುಂದಿನ ವಾರ ಬೇಲಿಯ ಈಚೆ ಬದಿಗೆ, ಹೆಂಗಸರು ಚಾಪೆ ಹಾಸುತ್ತಿದ್ದಲ್ಲೇ, ಮೂರು ಸಿಮೆಂಟಿನ ಬೆಂಚು ಬಂತು. ಕೆಂಪು ಕಾರ್ಪೆಟ್ ಬಂತು. ಪ್ರತಿ ಬಾಗಿಲಿಗೂ ಇಂಗ್ಲಿಷಿನ ಒಂದು ಚೀಟಿ ಅಂಟಿತು. ಗುರುದತ್ತ ಓದಿ ಹೇಳಿದ: ಹೂವಿನ ಕಾಲ ಮುಗಿಯುವವರೆಗೆ ನಾಲ್ಕರಿಂದ ಆರು ಗಂಟೆ ಮುದೀರರ ಅತಿಥಿಗಳು ಇಲ್ಲಿ ಕೂರುತ್ತಾರೆ, ಮನೆಯ ಹೆಂಗಸರು ಹೊರಗೆ ಬರಬಾರದು. ಇನ್ನು ಮುಂದೆ ವರ್ಷವಿಡೀ ಇದು ಅತಿಥಿಗಳ ತೋಟ.

ಚಂದ್ರಮತಿ ಎರಡನೇ ಸಲ ಓದಿಸಿದಳು. ಮೂರನೇ ಸಲವೂ ಓದಿಸಿದಳು.

"ಅಂದ್ರೆ, ರಸ್ತೆ ಗಂಡಸರ ಕಣ್ಣು ತಪ್ಸ್ಲಿಕ್ಕೆ ನಾನು ಬಳ್ಳಿ ಹಾಕಿದ್ದು. ಈಗ ಅದೇ ಗಂಡಸ್ರನ್ನ ತಂದು ಬೇಲಿ ಒಳಗೇ ಕೂರ್ಸುದು. ನಾವು ಪುನಃ ಗೂಡೊಳಗೆ. ಅಲ್ವಾ?"

"ಹದಿನೈದು ದಿನ ನೋಡುವಾ..."

"ವರ್ಷವಿಡೀ ಅಂತ ನೀವೇ ಓದಿದ್ರಲ್ಲ!"

ಎರಡು ದಿನ ಅವಳು ಕಿಟಕಿಯ ಗಾಜಿನಿಂದ ನೋಡಿದಳು. ಯಾರೋ ಬರುತ್ತಾರೆ, ಕೂರುತ್ತಾರೆ, ಅರಬ್ಬರ ಕಾಫಿ ಗಹ್ವಾ ಕುಡಿಯುತ್ತಾರೆ. ಶ್ರೀರಂಗ ಗೊಂಚಲು ಎತ್ತಿ ಹಿಡಿದು ಏನೇನೋ ವಿವರಿಸುತ್ತಾನೆ. ಒಬ್ಬ ಸಿಗರೇಟಿನ ತುಂಡನ್ನು ಬಳ್ಳಿಯ ಬುಡಕ್ಕೆ ಒತ್ತಿ ನಂದಿಸಿದ. ಮೂರನೇ ದಿನ ಚಂದ್ರಮತಿ ಕಿಟಕಿ ಬಿಟ್ಟು ಫೋನಿನ ಹತ್ತಿರ ಬಂದಳು. ಸಲೀಮಾಳಿಗೆ ಮಾಡಿದಳು.

"ಸಲೀಮಾ, ನೀವು ಪೇಟೆಯಲ್ಲಿ ಊಟಕ್ಕೆ ಹೋಟೆಲಿಗೆ ಹೋದ್ರೆ, ಹೆಂಗಸರು ಕೂತಲ್ಲಿ ಗಂಡಸರು ಬತ್ರಾ?"

"ಬತ್ರಾ? ಬಂದ್ರೆ ಚರ್ಮ ಸುಲೀತಾರೆ ಇಲ್ಲಿ. ಆಯ್ಲಾ, ಸಂಸಾರಸ್ಥರು ಅಂತ ಅಂದ್ರೆ ಮುಗೀತು, ಅವ್ರು ಕೂತ ಕಡೆ ಮುಖವೂ ಹಾಕುದಿಲ್ಲ. ಎಂತಕ್ಕೆ ಕೇಳಿದ್ದು?"

"ಗುರುವಾರ ಮೂರೂವರೆಗೆ ಬಾ. ನಿನ್ನ ನಾದಿನಿಯರನ್ನೂ ಕರ್ಕೊಂಡು ಬಾ. ಅಬಾಯ ಹಾಕಿಯೇ ಇರ್ಲಿ."

ಫೋನಿನಲ್ಲಿ ಸಲೀಮಾಳ ನಗು ಕೇಳಿಸಿತು. "ಅಲ್ಲಾ! ಚಂದ್ರಕ್ಕ, ನೀವು ಮೂರನೇ ಇಯತ್ತೆಗೆ ಶಾಲೆ ಬಿಟ್ಟದ್ದೇ ಒಳ್ಳೇದಾಯ್ತು. ಇಲ್ಲದಿದ್ರೆ ಕಲೆಕ್ಟರ್ ಆಗಿ ನಮ್ಮನ್ನೆಲ್ಲ ಜೈಲಿಗೆ ಹಾಕ್ತಿದ್ರಿ."

ಗುರುವಾರ ಅಲ್ಲಿ ರಜೆ. ಅತಿಥಿಗಳು ಹೆಚ್ಚು ಬರುವ ದಿನ. ಮೂರೂವರೆಗೆ ಹನ್ನೊಂದು ಹೆಂಗಸರು ಮೂರು ಬೆಂಚಿನಲ್ಲಿ ಸಾಲಾಗಿ ಕೂತರು, ಕೆನ್ನೆಯವರೆಗೆ ಕಪ್ಪು ಮುಚ್ಚಿಕೊಂಡು. ಬತೂಲ್ ಟ್ಯಾಕ್ಸಿ ಮಾಡಿಕೊಂಡು ಬಂದಿದ್ದಳು. ನರ್ಸ್‌ಗಳಿಬ್ಬರೂ ಡ್ಯೂಟಿ ಬದಲಾಯಿಸಿಕೊಂಡಿದ್ದರು. ಲಾಹೋರಿನವಳು ಪಕೋಡ ತಂದಿದ್ದಳು. ಗುರುದತ್ತ ಮನೆಯ ಒಳಗೆ ಚಿಲಕ ಹಾಕಿಕೊಂಡು ಕೂತಿದ್ದ, ದೇವರ ಫೋಟೋದ ಎದುರಿಗೆ. ಚಂದ್ರಮತಿ ಗೇಟಿನ ಕಡೆ ನೋಡಿದಳು. ಇಕಾಮಾ ಹೋದರೆ ಗಂಡನ ಹನ್ನೆರಡು ವರ್ಷದ ಕೆಲಸವೂ ಹೋಯಿತು. ಹೆಣ್ಣುಮಕ್ಕಳು ನೆನಪಾದರು. ಎದ್ದುಬಿಡಲೇ ಎಂದು ಒಮ್ಮೆ ಅನ್ನಿಸಿತು ಕೂಡ. ಏಳಲಿಲ್ಲ.

ಶ್ರೀರಂಗ ಮೊದಲು ಬಂದ, ಗಹ್ವಾದ ಹೂಜಿ ಹಿಡಿದು. ಹೆಂಗಸರನ್ನು ಕಂಡು ಅವನ ಮುಖ ಬಾಡಿತು.

"ಏನ್ರಮ್ಮಾ ಇದು? ನೋಟಿಸ್ ಓದಿಲ್ವಾ? ಏಳಿ, ಏಳಿ! ಮುದೀರ್ ಬರ್ತಿದಾರೆ, ಯಲ್ಲಾ, ಬೇಗ!"

"ನಂಗೆ ಓದ್ಲಿಕ್ಕೆ ಬರುದಿಲ್ಲ ಸಾರ್" ಎಂದಳು ಚಂದ್ರಮತಿ, ಕೂತಲ್ಲಿಂದ.

"ಓದೋಕೆ ಬರಲ್ಲ ಅಂದ್ರೆ ಕಿವಿನೂ ಕೇಳಲ್ವಾ? ನಿಮ್ಮ ಗಂಡನ್ನ ಕರೀಲಾ?"

"ಕರೀರಿ. ಒಳಗೆ ಇದ್ದಾರೆ. ಚಿಲಕ ಹಾಕ್ಕೊಂಡಿದ್ದಾರೆ, ನಂಗೇ ತೆಗೀತಾ ಇಲ್ಲ."

ಹೆಂಗಸರು ಕಿಸಕ್ಕೆಂದು ನಕ್ಕರು. ಶ್ರೀರಂಗನಿಗೆ ಸಿಟ್ಟು ಏರಿ, ಹೂಜಿ ಕೆಳಗಿಟ್ಟು, ಕೋಳಿ ಓಡಿಸುವ ಹಾಗೆ ಎರಡೂ ಕೈ ಬೀಸುತ್ತ ಬೆಂಚಿನ ಹತ್ತಿರಕ್ಕೇ ಬಂದ. ಅಷ್ಟರಲ್ಲಿ ಮುದೀರ್ ನಾಲ್ಕು ಜನ ಅತಿಥಿಗಳೊಡನೆ ಗೇಟಿನೊಳಗೆ ಕಾಲಿಟ್ಟರು. ಕೂತ ಹೆಂಗಸರನ್ನು ಕಂಡದ್ದೇ ತಡ, ಐವರೂ ಗೋಡೆಗೆ ಹೊಡೆದ ಹಾಗೆ ನಿಂತರು. ಅತಿಥಿಗಳು ಬೆನ್ನು ತಿರುಗಿಸಿದರು. ಮುದೀರ್ ಕಣ್ಣು ನೆಲಕ್ಕೆ ಹಾಕಿ, ಶಾಲಿನ ತುದಿಯನ್ನು ಮುಖಕ್ಕೆ ಎಳೆದುಕೊಂಡು, ದೂರದಿಂದಲೇ ಶ್ರೀರಂಗನನ್ನು ಕರೆದರು. ಶ್ರೀರಂಗ ಇನ್ನೂ ಕೈ ಬೀಸುತ್ತಲೇ ಇದ್ದ, "ಒಂದೇ ನಿಮಿಷ ಸರ್, ಏಳಿಸ್ತೀನಿ" ಎಂದು ಇಂಗ್ಲಿಷಿನಲ್ಲಿ.

ಹನ್ನೊಂದು ವರ್ಷ ಆ ನೆಲದ ಅನ್ನ ತಿಂದವನು! ಕೂತ ಹೆಂಗಸರನ್ನು ಗಂಡಸರಿಗಾಗಿ ಎಬ್ಬಿಸುವುದೆಂದರೆ ಆ ಊರಿನಲ್ಲಿ ಎಂಥ ನಾಚಿಕೆಗೇಡು ಎಂದು ಅವನಿಗೆ ಗೊತ್ತಿಲ್ಲ. ಅದೂ ಹೊರಗಿನ ಅತಿಥಿಗಳ ಎದುರಿಗೆ. ಕೂತವರೆಲ್ಲ ಹೆಂಡಿರು ಮಕ್ಕಳು, ಅವರ ಎದುರಿಗೆ ಕೈ ಬೀಸುತ್ತ ನಿಂತವನು ಮುದೀರರ ಕೆಳಗಿನ ನೌಕರ.

ಮುದೀರರ ದನಿ ಏರಲಿಲ್ಲ. ಆದರೆ ಅರಬ್ಬಿಯಲ್ಲಿ ಏನೋ ನಾಲ್ಕು ಮಾತು ಹೇಳಿದರು. ಬತೂಲ್ ತುಟಿ ಕಚ್ಚಿ ನಗು ತಡೆದುಕೊಂಡಳು. ಶ್ರೀರಂಗ ಬಗ್ಗಿ ಹೂಜಿ ಎತ್ತಿಕೊಂಡ. ಐವರೂ ಬಂದ ದಾರಿಯಲ್ಲೇ ಹೋದರು.

"ಎಂತ ಹೇಳಿದ್ದು?" ಎಂದು ಚಂದ್ರಮತಿ ಕೇಳಿದಳು.

ಫಿಝಾ ಬತೂಲಳನ್ನು ಕೇಳಿ ಹೇಳಿದಳು. "ನಿನ್ನ ತಾಯಿ ಕೂತಿದ್ರೂ ಹೀಗೇ ಎಬ್ಬಿಸ್ತಿದ್ದೆಯಾ ಅಂತ. ಇನ್ನು ಈ ಕಡೆ ಹೊರಗಿನ ಗಂಡಸರು ಕಾಲಿಡಬಾರದು ಅಂತ. ನೀನೂ ಸಹ ಅಂತ."

ಬೆಂಚು ಅಲ್ಲೇ ಉಳಿದವು. ಸಿಮೆಂಟಿನ ಬೆಂಚು ಯಾರು ಹೊತ್ತುಕೊಂಡು ಹೋಗುತ್ತಾರೆ? ಶನಿವಾರ ಗೇಟಿಗೆ ಅರಬ್ಬಿಯಲ್ಲಿ ಒಂದು ಬೋರ್ಡು ಬಿತ್ತು, ಸಂಸಾರಸ್ಥರಿಗೆ ಮಾತ್ರ ಎಂದು. ಅದಕ್ಕೆ ಮೊಳೆ ಹೊಡೆದದ್ದು ಗುರುದತ್ತ. ಆ ದಿನ ಅವನು ಬಂದು ಊಟ ಮಾಡುವಾಗ ಹೆಂಡತಿಯ ಮುಖ ನೋಡಲಿಲ್ಲ. ಕೊನೆಗೆ, ಮಜ್ಜಿಗೆ ಕಲಸಿಕೊಳ್ಳುತ್ತ, "ನಾನೂ ಹೊರಗೆ ಬರ್ಬೇಕಿತ್ತು" ಎಂದ. ಚಂದ್ರಮತಿ ಇನ್ನೊಂದು ಸೌಟು ಮಜ್ಜಿಗೆ ಬಡಿಸಿದಳು.

ಇಲ್ಲಿಗೆ ಮುಗಿಯಬೇಕಿತ್ತು. ಆದರೆ ಪ್ರಶಸ್ತಿಪತ್ರ ಶ್ರೀರಂಗನ ಗೋಡೆಯಲ್ಲಿ ಇತ್ತಲ್ಲ, ಅದು ಸುಮ್ಮನೆ ಬಿಡಲಿಲ್ಲ. ಆ ವರ್ಷದ ಕೊನೆಗೆ ಮುದೀರ್ ಅವನನ್ನು ಕರೆದು ಹೇಳಿದರಂತೆ, ಬರುವ ವಸಂತಕ್ಕೂ ಹಾಗೇ ಹೂ ಬರಬೇಕು, ರಸ್ತೆಯಿಂದ ನೋಡಲು ದೊಡ್ಡವರೊಬ್ಬರು ಬರುವವರಿದ್ದಾರೆ ಎಂದು. ಬೆಳೆಸಿದವನು ನೀನೇ ಅಲ್ಲವೇ, ನೋಡಿಕೋ ಎಂದು. ಜನವರಿಯ ಒಂದು ಬೆಳಗ್ಗೆ ಶ್ರೀರಂಗ ಬಂದ. ಗೇಟಿನ ಹೊರಗೇ ನಿಂತು, ಗುರುದತ್ತನನ್ನು ಮುಂದೆ ಬಿಟ್ಟುಕೊಂಡು.

"ಅಮ್ಮಾ, ಈ ಬಳ್ಳಿ ಕಟ್ ಮಾಡೋದು ಹೇಗೆ ಅಂತ ಸ್ವಲ್ಪ ಹೇಳಿಕೊಡ್ತೀರಾ? ತೋಟದವರು ಒಬ್ಬೊಬ್ಬರು ಒಂದೊಂದು ಹೇಳ್ತಾರೆ."

"ನಾಲ್ಕು ವರ್ಷದ ಪ್ಲ್ಯಾನ್ ಮಾಡಿದವರು ನೀವು" ಎಂದಳು ಚಂದ್ರಮತಿ. "ನಂಗೆ ಕೇಳುದಾ?"

"ಏನೋ ಆಗ ಬಾಯಿತಪ್ಪಿ..."

"ಬಾಯಿ ತಪ್ಪಿದ್ದು ಕಾಗದದಲ್ಲಿ ಉಂಟು, ಫೋಟೋದಲ್ಲಿ ಉಂಟು. ಸರಿ ಮಾಡುದೂ ಕಾಗದದಲ್ಲೇ ಆಗ್ಬೇಕು. ಯಾರು ನೆಟ್ಟದ್ದು, ಯಾರು ಬೆಳ್ಸಿದ್ದು ಅಂತ ಬರ್ದು ಅದೇ ಬೋರ್ಡಿಗೆ ಹಾಕಿ. ಆಮೇಲೆ ಕತ್ತಿ."

ಗುರುದತ್ತ ಕೆಮ್ಮಿದ. ಆದರೆ ಈ ಸಲ ಅವನು ನಡುವೆ ಬಾಯಿ ಹಾಕಲಿಲ್ಲ, ಗೇಟಿಗೆ ಒರಗಿ ನಿಂತೇ ಇದ್ದ.

ಎರಡು ದಿನಕ್ಕೆ ಟೈಪು ಮಾಡಿದ ಇಂಗ್ಲಿಷ್ ಕಾಗದ ಬಂತು. ಚಂದ್ರಮತಿ ಅದನ್ನು ಫಿಝಾಳ ಕೈಯಲ್ಲಿ ಓದಿಸಿದಳು. ಅವಳು ಗಂಟಲು ಸರಿಮಾಡಿಕೊಂಡು ಓದಿದಳು: "ಗುರುದತ್ ನಾಯ್ಕರ ಪತ್ನಿಯ ಸಹಕಾರದೊಂದಿಗೆ, ಅಂತ ಉಂಟು ಮಾಮಿ."

"ಸಹಕಾರ?"

"ಕೋಆಪರೇಶನ್. ಅಂದ್ರೆ ಹೆಲ್ಪ್ ಮಾಡಿದ್ರು ಅಂತ."

ಚಂದ್ರಮತಿಯ ಮೂಗಿನ ಹೊಳ್ಳೆ ಅರಳಿತು. ಸಹಕಾರವಂತೆ! ಯಾರಿಗೆ ಯಾರ ಸಹಕಾರ? ಬಾಲ್ದಿ ಹೊತ್ತು ಹೊತ್ತು ಹೆಗಲು ಇಳಿದದ್ದು ಇವಳದ್ದು, ಮೂರು ವರ್ಷ ತಪ್ಪಾದದ್ದೂ ಇವಳದ್ದೇ. ಆ ತಪ್ಪನ್ನಾದರೂ ಅವನು ತನ್ನದೆಂದು ಹೇಳಿಕೊಳ್ಳಲಿ ನೋಡುವಾ. ಅದು ಹೋಗಲಿ. ಅವಳಿಗೆ ಒಂದು ಹೆಸರೂ ಇಲ್ಲವೇ? ತಂದೆ ತಾಯಿ ತೊಟ್ಟಿಲಲ್ಲಿಟ್ಟು ಕಿವಿಯಲ್ಲಿ ಕರೆದ ಹೆಸರು?

"ವಾಪಸು ಕೊಡು ಮಗಾ ಅವ್ನಿಗೆ" ಎಂದಳು. "ಚಂದ್ರಮತಿ ಅಂತ ಬರೀಲಿಕ್ಕೆ ಹೇಳು. ಬಳ್ಳಿ ಕೊಟ್ಟದ್ದು ಬತೂಲ್ ಅಂತಲೂ ಬರೀಲಿ. ಸಹಕಾರ ಹೊಡ್ದು ಹಾಕ್ಲಿಕ್ಕೆ ಹೇಳು."

ಎರಡನೇ ಕಾಗದದಲ್ಲಿ ಬತೂಲ್ ಇರಲಿಲ್ಲ. ಅದೂ ಗೇಟಿನಿಂದಲೇ ಹಿಂದೆ ಹೋಯಿತು. ಅಷ್ಟರಲ್ಲಿ ಜನವರಿ ಮುಗಿಯುತ್ತ ಬಂದಿತ್ತು, ಬಳ್ಳಿಯ ಕಣ್ಣು ಉಬ್ಬತೊಡಗಿತ್ತು. ಹೋದ ಬೇಸಿಗೆಯಲ್ಲಿ ಚಾಚಿದ ಸಪೂರ ಬಳ್ಳಿಯನ್ನು ಈ ಸಲ ತೆಗೆಯದಿದ್ದರೆ ಅದೇ ಮೊಗ್ಗಿನ ಸತ್ವ ಹೀರುತ್ತದೆ ಎಂದು ಬತೂಲ್ ತೋರಿಸಿಕೊಟ್ಟಿದ್ದಳು. ಇನ್ನು ಒಂದು ವಾರ ತಡವಾದರೆ ಈ ವರ್ಷದ ಹೂ ಅರ್ಧ ಹೋಯಿತು. ಅದು ಶ್ರೀರಂಗನಿಗೆ ಗೊತ್ತಿರಲಿಲ್ಲ, ಚಂದ್ರಮತಿಗೆ ಗೊತ್ತಿತ್ತು. ಆ ವಾರ ಅವಳಿಗೆ ನಿದ್ದೆ ಸರಿಯಾಗಿ ಬೀಳಲಿಲ್ಲ. ಹೆಸರಿಗಾಗಿ ಹಟ ಹಿಡಿದು ಬಳ್ಳಿಗೆ ಮೋಸ ಮಾಡುವುದೇ? ಆದರೂ ಬಾಗಿಲು ತೆಗೆದು ತಾನಾಗಿ ಹೋಗಲಿಲ್ಲ.

ಮೂರನೆಯದು ಫೆಬ್ರವರಿ ಎರಡಕ್ಕೆ ಬಂತು. ಫಿಝಾ ಎರಡು ಸಲ ಓದಿದಳು. ಎರಡೂ ಹೆಸರು ಇತ್ತು, ನೆಟ್ಟು ಬೆಳೆಸಿದವರು ಎಂದಿತ್ತು. ಚಂದ್ರಮತಿ ಕಾಗದವನ್ನು ಕೈಗೆ ತೆಗೆದುಕೊಂಡು, ತನ್ನ ಹೆಸರು ಯಾವುದು ಎಂದು ಬೆರಳಿಟ್ಟು ತೋರಿಸಲು ಹೇಳಿದಳು. ಫಿಝಾ ತೋರಿಸಿದಳು. ಅವಳು ಸ್ವಲ್ಪ ಹೊತ್ತು ನೋಡಿದಳು. "ಇಷ್ಟು ಉದ್ದ ಇದೆಯಾ?" ಎಂದಳು. ಆಮೇಲೆ ಕಾಗದವನ್ನು ಗುರುದತ್ತನ ಕೈಗೆ ಕೊಟ್ಟು, ಬೋರ್ಡಿಗೆ ಅವನೇ ಹಾಕಿ ಬರಲು ಕಳಿಸಿದಳು. ಅವನು ಹಾಕಿ ಬಂದು, "ಹಾಕಿದೆ. ಫೋಟೋದ ಮೇಲೆಯೇ" ಎಂದ ಮೇಲೆ ಅಬಾಯದ ಅಂಚು ಸೊಂಟಕ್ಕೆ ಸಿಕ್ಕಿಸಿ ಕತ್ತಿ ಹಿಡಿದಳು. ಆ ಬೆಳಿಗ್ಗೆ ಹೆಂಗಸರ್ಯಾರೂ ಹೊರಗೆ ಕೂತಿರಲಿಲ್ಲ. ಏಣಿ ಹಿಡಿಯಲು ಶ್ರೀರಂಗನನ್ನೇ ಕರೆಯಲು ಹೇಳಿದಳು.

ಅವನು ಬಂದ. ಟೈ ಭುಜದ ಹಿಂದಕ್ಕೆ ಎಸೆದುಕೊಂಡು ಏಣಿ ಹಿಡಿದ. ಅವಳು ಮೇಲೆ ಹತ್ತಿ, ದಪ್ಪ ಕಣ್ಣು ಎರಡೆರಡು ಬಿಟ್ಟು ಉದ್ದದ ಸಪೂರ ಬಳ್ಳಿಯನ್ನು ಮಾತ್ರ ಸವರತೊಡಗಿದಳು. ಕತ್ತರಿಸಿದ್ದೆಲ್ಲ ಅವನ ತಲೆ ಮೇಲೆ ಬಿತ್ತು. ಅರ್ಧ ಬೇಲಿ ಆಗುವ ಹೊತ್ತಿಗೆ ಅವನು ಕಾಲು ಬದಲಿಸಿ ನಿಲ್ಲತೊಡಗಿದ.

"ಇನ್ನೂ ಎಷ್ಟಿದೆ ಅಮ್ಮಾ?"

"ಆ ತುದಿವರೆಗೆ ಉಂಟು ಸಾರ್. ಅಲುಗಾಡ್ಬೇಡಿ. ಬಿದ್ರೆ 'ಸಹಕಾರ ಸಾಕಾಗ್ಲಿಲ್ಲ' ಅಂತ ಬರ್ದು ಬೋರ್ಡಿಗೆ ಹಾಕ್ತೇನೆ."